ದೇವರೆಲೆ ಮತ್ತು ಹನ್ನೊಂದು ನಕಲು

ನನ್ನ ಅಕ್ಷರ ಚಂದ. ಇದನ್ನು ಜಂಬಕ್ಕೆ ಹೇಳುತ್ತಿಲ್ಲ. ಮುಂದೆ ಹೇಳುವುದಕ್ಕೆಲ್ಲ ಅದೇ ಮೂಲವಾದ್ದರಿಂದ ಮೊದಲೇ ಹೇಳಿಬಿಡುತ್ತೇನೆ. ಹಾನಗಲ್ಲಿನ ಅಬಕಾರಿ ಕಚೇರಿಯಲ್ಲಿ ನನಗೆ ಕಾರಕೂನಿಕೆ ಸಿಕ್ಕಿದ್ದು ವಿದ್ಯೆಯಿಂದಲ್ಲ, ವಶೀಲಿಯಿಂದಲೂ ಅಲ್ಲ. ನನ್ನ ಅರ್ಜಿ ನೋಡಿದ ಸಾಹೇಬರು ಇದನ್ನು ಎಲ್ಲಿ ಅಚ್ಚು ಹಾಕಿಸಿದೆ ಎಂದು ಕೇಳಿದ್ದರು.

ಅಕ್ಷರ ನಮ್ಮ ಮನೆತನದ ಆಸ್ತಿ. ಅಜ್ಜ, ಅಪ್ಪ ಇಬ್ಬರೂ ಸವಣೂರಿನ ಮಠದಲ್ಲಿ ಗ್ರಂಥಗಳ ಪ್ರತಿ ಮಾಡಿಕೊಂಡು ಬಂದವರು. ಪ್ರತಿ ಮಾಡುವವನು ಅರ್ಥಕ್ಕೆ ನಿಲ್ಲಬಾರದು ಎಂಬುದು ಅಪ್ಪ ನನಗೆ ಕಲಿಸಿದ ಮೊದಲ ಪಾಠ. "ಅರ್ಥ ನೋಡಿದ್ಯೋ, ತಿದ್ದಲಿಕ್ಕೆ ಹೋಗ್ತಿ. ತಿದ್ದಿದ್ಯೋ, ಗ್ರಂಥ ಕೆಟ್ಟು ಹೋಗ್ತದ. ಅಕ್ಷರ ನೋಡು, ಅಕ್ಷರ ಇಳಿಸು, ಅಷ್ಟ ನಿನ್ನ ಕೆಲಸ" ಎನ್ನುತ್ತಿದ್ದರು. ಅವರು ಹಾಗೆ ಇಳಿಸಿದ್ದು ವೇದಾಂತ. ನಾನು ಇಳಿಸಿದ್ದು ಶೇಂದಿ, ಗಾಂಜಾ, ಅಫೀಮುಗಳ ದಫ್ತರ. ಪದ್ಧತಿ ಮಾತ್ರ ಅದೇ. ಕಚೇರಿಯಲ್ಲಿ ನನ್ನಷ್ಟು ಬೇಗ ನಕಲು ತೆಗೆಯುವವರು ಇರಲಿಲ್ಲ, ಯಾಕೆಂದರೆ ಬರೆದದ್ದನ್ನು ನಾನು ಓದುತ್ತಿರಲಿಲ್ಲ.

ಆಗ ಅಫೀಮು ಕದ್ದು ಮಾರುವ ಪದಾರ್ಥವಾಗಿರಲಿಲ್ಲ. ಪೇಟೆಯಲ್ಲಿ ಸರಕಾರಿ ಬೋರ್ಡು ಹಾಕಿಕೊಂಡು ಅಂಗಡಿ ನಡೆಯುತ್ತಿತ್ತು. ಅದರ ಗುತ್ತಿಗೆದಾರರು ಊರಿನ ದೊಡ್ಡ ಮನುಷ್ಯರು. ಕೊರಳಲ್ಲಿ ಲಿಂಗ, ಹಣೆ ತುಂಬ ವಿಭೂತಿ, ಮಾತಿನಲ್ಲಿ ಬೆಣ್ಣೆ. ಊರಲ್ಲಿ ಏನೇ ಒಳ್ಳೆಯ ಕೆಲಸ ನಡೆಯಲಿ, ವಂತಿಗೆ ಬರೆದ ಮೊದಲ ಹೆಸರು ಅವರದು. ಅವರ ಅಂಗಡಿಯಿಂದ ವಾರಕ್ಕೊಮ್ಮೆ ನಮ್ಮ ಮನೆಗೆ ಒಂದು ಚಿಕ್ಕ ಪುಡಿಕೆ ಬರುತ್ತಿತ್ತು. ಅದು ನನ್ನ ಅಜ್ಜಿಗೆ.

ಅಜ್ಜಿ ಎಂದರೆ ನನ್ನ ಅಪ್ಪನ ತಾಯಿ. ಕೆಂಪು ಸೀರೆಯ ಮಡಿ ಹೆಂಗಸು. ಉಳ್ಳಾಗಡ್ಡಿಯ ವಾಸನೆ ಬಂದರೆ ಮತ್ತೊಮ್ಮೆ ಸ್ನಾನ ಮಾಡುವಾಕೆ, ಚಹಾ ಕುಡಿಯುವವರನ್ನು ಕಂಡರೆ ಕಲಿಗಾಲ ಎಂದು ಮುಖ ತಿರುಗಿಸುವಾಕೆ. ಆಕೆಯ ನಲವತ್ತನೆಯ ವಯಸ್ಸಿಗೆ ಕೀಲುನೋವು, ದಮ್ಮು ಎರಡೂ ಒಟ್ಟಿಗೆ ಅಮರಿಕೊಂಡಾಗ ಒಬ್ಬ ವೈದ್ಯರು ಮೆಣಸಿನ ಕಾಳಿನಷ್ಟು ಅಫೀಮು ಕೊಟ್ಟಿದ್ದರು. ವೈದ್ಯರು ತೀರಿಕೊಂಡರು, ಕಾಳು ಉಳಿಯಿತು. ದಿನಾ ಸ್ನಾನ, ಪೂಜೆ, ಜಪ ಮುಗಿದ ಮೇಲೆ ತೀರ್ಥ ತೆಗೆದುಕೊಂಡು, ಅದರ ಬೆನ್ನಿಗೇ ಆ ಕರಿ ಗುಳಿಗೆ ನುಂಗುತ್ತಿದ್ದಳು. ಮನೆಯಲ್ಲಿ ಅದಕ್ಕೆ ಅಫೀಮು ಎಂದು ಯಾರೂ ಅಂದವರಲ್ಲ. ಅಜ್ಜಿಯ ಗುಳಿಗೆ ಎನ್ನುತ್ತಿದ್ದೆವು. ಅಬಕಾರಿ ಖಾತೆಯಲ್ಲಿ ಅನ್ನ ತಿನ್ನುವ ನಾನು ಕೂಡ ಹಾಗೇ ಅನ್ನುತ್ತಿದ್ದೆ, ಹಾಗೇ ನಂಬಿದ್ದೆ.

ಮೂವತ್ತರ ದಶಕದ ಕೊನೆಗೆ ಮುಂಬಯಿಯಲ್ಲಿ ನಮ್ಮವರೇ ಮಂತ್ರಿಗಳಾಗಿ ನಿಷೇಧ ಎಂಬ ಮಾತು ಎತ್ತಿದರು. ಅದು ನಮ್ಮ ತಾಲೂಕಿನ ತನಕ ಬರುವಷ್ಟರಲ್ಲಿ ಯುದ್ಧ ಬಂತು, ಮಂತ್ರಿಗಳು ಮನೆಗೆ ಹೋದರು, ಅಲ್ಲಿಂದ ಜೈಲಿಗೆ ಹೋದರು. ಯುದ್ಧ ಮುಗಿದು ಮತ್ತೆ ಅವರು ಬಂದಾಗ ನಿಷೇಧವೂ ಜೊತೆಗೇ ಬಂತು, ಈ ಸಲ ಗಟ್ಟಿಯಾಗಿ. ಅಫೀಮಿನ ಅಂಗಡಿ ಮುಚ್ಚಬೇಕು. ಆದರೆ ವರ್ಷಗಟ್ಟಲೆ ತಿಂದವರು ಒಮ್ಮೆಲೇ ಬಿಟ್ಟರೆ ಸತ್ತುಹೋದಾರು. ಆದ್ದರಿಂದ ಅಂಥವರ ಪಟ್ಟಿ ಮಾಡಿ, ಡಾಕ್ಟರರ ಎದುರು ಹಾಜರುಪಡಿಸಿ, ಒಂದೊಂದು ಕಾರ್ಡು ಕೊಟ್ಟು, ತಾಲೂಕು ಖಜಾನೆಯಿಂದ ವಾರ ವಾರ ಅಳತೆಯ ಅಫೀಮು ಕೊಡಬೇಕು. ಕಾನೂನು ಮಾಡಿದವರಿಗೆ ಕರುಣೆ ಇರಲಿಲ್ಲ ಎಂದು ನಾನು ಹೇಳಲಾರೆ. ಪಟ್ಟಿಯನ್ನು ಯಾರ ಕೈಗೆ ಕೊಡುತ್ತಿದ್ದೇವೆ ಎಂಬುದು ಅವರಿಗೆ ಗೊತ್ತಿರಲಿಲ್ಲ. ಪಟ್ಟಿ ನನ್ನ ಕೈಗೆ ಬಂತು.

ನಮ್ಮ ಕಚೇರಿಗೆ ಹಾನಗಲ್ಲು, ಶಿಗ್ಗಾಂವಿ, ಹಿರೇಕೆರೂರು ಮೂರೂ ತಾಲೂಕು ಸೇರಿದ್ದವು; ವ್ಯಸನಿಗಳ ಹೆಸರು ಬರೆಯಲು ಹಿರೇಕೆರೂರ ಕಡೆ ಹೋದೆ. ನಾಚಿಕೆಯಿಂದ ಯಾರೂ ಬರಲಿಕ್ಕಿಲ್ಲ ಎಂದುಕೊಂಡಿದ್ದೆ. ಚಾವಡಿಯ ಎದುರು ಜನ ಜಾತ್ರೆಯಂತೆ ನಿಂತಿದ್ದರು. ಸಕ್ಕರೆಗೆ ಕಾರ್ಡು, ಚಿಮಣಿ ಎಣ್ಣೆಗೆ ಕಾರ್ಡು, ಅರಿವೆಗೆ ಕಾರ್ಡು ಎಂದು ಯುದ್ಧ ಎಲ್ಲರಿಗೂ ಪಾಠ ಕಲಿಸಿಬಿಟ್ಟಿತ್ತು: ಸರಕಾರ ಕಾರ್ಡು ಕೊಡುತ್ತದೆ ಎಂದರೆ ಯಾತಕ್ಕೆಂದು ಕೇಳದೆ ಇಸಿದುಕೊಳ್ಳಬೇಕು, ಇಂದು ಬಿಟ್ಟವನಿಗೆ ನಾಳೆ ಇಲ್ಲ. ಹಂಸಭಾವಿಯ ಒಬ್ಬ ಗೌಡರು ತಮ್ಮ ಮನೆಯ ಹದಿನಾಲ್ಕು ಜನರ ಹೆಸರನ್ನೂ ಹೇಳಿದರು.

"ಇವರೆಲ್ಲಾ ಅಫೀಮು ತಿಂತಾರೇನ್ರಿ?" ಎಂದೆ.

"ತಿನ್ನೂದಿಲ್ಲರಿ. ಕಾರ್ಡ್ ಬಂದ ಮ್ಯಾಲ ಕಲತಾರು" ಎಂದು, ಸ್ವಲ್ಪ ಯೋಚಿಸಿ, "ಸಣ್ಣ ಸೊಸಿ ಬಸರದಾಳ. ಅದರ ಹೆಸರೂ ಒಂದು ಹಿಡೀರಿ, ಹುಟ್ಟಿದ ಮ್ಯಾಲ ತಿದ್ದಿದರಾತು" ಎಂದರು.

ಡಾಕ್ಟರರು ಮುಕ್ಕಾಲು ಪಾಲು ಹೆಸರುಗಳನ್ನು ಹೊಡೆದುಹಾಕಿದರು. ಆದರೂ ಜೀವನದಲ್ಲಿ ಅಫೀಮಿನ ಬಣ್ಣ ನೋಡದ ಎಷ್ಟೋ ಮಂದಿ ನಮ್ಮ ಪಟ್ಟಿಯಲ್ಲಿ ಉಳಿದುಕೊಂಡರು. ಉಳಿಯದೆ ಹೋದದ್ದು ಸುಮಾರು ನಲವತ್ತು ವರ್ಷ ದಿನಾ ತಿಂದ ನನ್ನ ಅಜ್ಜಿ. ಆಕೆಯ ಹೆಸರನ್ನು ಯಾರೂ ಹೊಡೆದುಹಾಕಲಿಲ್ಲ. ನಾನು ಬರೆಯಲಿಲ್ಲ.

ಕಾರಣ ಕೇಳಿದರೆ ಆಗ ಬೇಕಾದಷ್ಟು ಹೇಳುತ್ತಿದ್ದೆ. ಮಡಿ ಹೆಂಗಸನ್ನು ಕಚೇರಿಗೆ ಕರೆದೊಯ್ದು ಪಂಚರ ಎದುರು ನಿಲ್ಲಿಸುವುದು ಹೇಗೆ? ಡಾಕ್ಟರರು ಕೈ ಹಿಡಿದು ನಾಡಿ ನೋಡಿದರೆ ಆಕೆ ಎಷ್ಟು ಸ್ನಾನ ಮಾಡಬೇಕು? ಇವೆಲ್ಲ ನೆಪ. 'ಅಫೀಮುಖೋರರ ಯಾದಿ' ಎಂಬ ತಲೆಬರಹದ ಕೆಳಗೆ ನಮ್ಮ ಮನೆತನದ ಹೆಸರನ್ನು ನನ್ನ ಆ ಚಂದದ ಅಕ್ಷರದಲ್ಲಿ ಬರೆಯಲು ನನಗೆ ಕೈ ಬರಲಿಲ್ಲ, ಅಷ್ಟೇ. ಯಾದಿಯ ಮುದ್ದತು ಮುಗಿದ ದಿನ ಅಜ್ಜಿಗೆ ವಿಷಯ ತಿಳಿಯಿತು. ಆಕೆ ಜಪಮಾಲೆ ಕೆಳಗಿಟ್ಟು ನನ್ನನ್ನು ನೋಡಿದಳು.

"ನನ್ನ ಹೆಸರು ಬರೀಲಿಕ್ಕೆ ನಿನಗ ನಾಚಿಕಿ ಬಂತೇನೋ? ತಿನ್ನಾಕಿಗೇ ಇಲ್ಲದ ನಾಚಿಕಿ?"

ಆಕೆ ಮತ್ತೆ ಜಪಕ್ಕೆ ತೊಡಗಿದಳು.

ಅಂಗಡಿ ಮುಚ್ಚಿತು. ಬೋರ್ಡು ಇಳಿಸಿದ ಎರಡನೆಯ ವಾರಕ್ಕೆ ಅದೇ ಮೊಳೆಗೆ 'ತಾಲೂಕು ನಿಷೇಧ ಸಮಿತಿ' ಎಂಬ ಬೋರ್ಡು ಏರಿತು. ಗುತ್ತಿಗೆದಾರರು ಖಾದಿ ಟೊಪ್ಪಿಗೆ ಇಟ್ಟು ಸಮಿತಿಯ ಅಧ್ಯಕ್ಷರಾದರು. ಅಫೀಮು ತೂಗುತ್ತಿದ್ದ ತಕ್ಕಡಿಯಲ್ಲಿ ಚರಕದ ನೂಲು ತೂಗಲು ಶುರುವಾಯಿತು. ನಾನು ಕುಹಕ ಮಾಡುತ್ತಿಲ್ಲ. ಅಫೀಮಿನ ವಿಷಯ ನಮ್ಮ ತಾಲೂಕಿನಲ್ಲಿ ಅವರಷ್ಟು ಬಲ್ಲವರು ಬೇರೆ ಯಾರಿದ್ದರು? ಅವರು ನನ್ನನ್ನು ದಾರಿಯಲ್ಲಿ ನಿಲ್ಲಿಸಿ, ಧ್ವನಿ ತಗ್ಗಿಸಿ ಕೇಳಿದರು.

"ಅಜ್ಜೀ ಅವರ ಗುಳಿಗಿ ವ್ಯವಸ್ಥಾ ಹೆಂಗ ರಾಯರ?"

ನಾನು ರಸ್ತೆಯ ಆಚೀಚೆ ನೋಡಿದೆ. ಅವರೇ ಮುಂದುವರಿಸಿದರು.

"ಸವಣೂರಾಗ ನಮ್ಮ ಅಳ್ಯಾನ ಅಂಗಡಿ ಐತ್ರಿ. ಅದು ನವಾಬರ ರಾಜ್ಯ, ಅಲ್ಲಿ ನಮ್ಮ ಕಾಯ್ದೆ ನಡಿಯೂದಿಲ್ಲ. ಹೇಳಿ ಕಳಸ್ತೇನಿ."

ಆ ಕಾಲದ ನಮ್ಮ ಭೂಗೋಳ ಹಾಗಿತ್ತು. ಹಾನಗಲ್ಲು, ಶಿಗ್ಗಾಂವಿ, ಹಿರೇಕೆರೂರು ಮುಂಬಯಿ ಸರಕಾರದವು. ನಡುವೆ ಅಂಗೈಯಷ್ಟು ಅಗಲದ ಸವಣೂರು ಸಂಸ್ಥಾನ ಬೇರೆ. ಇತ್ತ ಕಡೆ ಕೈಗೆ ಬೇಡಿ ಬೀಳುವ ವಸ್ತು ಅತ್ತ ಕಡೆ ದೀಪ ಹಚ್ಚಿದ ಅಂಗಡಿಯಲ್ಲಿ ಸಿಗುತ್ತಿತ್ತು. ನಿಷೇಧ ಬಂದ ಮೇಲೆ ಅಳಿಯನ ವ್ಯಾಪಾರ ಮೂರು ಪಟ್ಟಾಯಿತೆಂದು ಜನ ಆಡಿಕೊಳ್ಳುತ್ತಿದ್ದರು. ಮಾವ ಈ ಕಡೆ ಭಾಷಣ ಮಾಡಿದಷ್ಟೂ ಅಳಿಯನಿಗೆ ಆ ಕಡೆ ಬಿಡುವು ಸಿಗುತ್ತಿರಲಿಲ್ಲ.

ಅಲ್ಲಿಂದ ಗುಳಿಗೆ ತರುವವನು ಯಾರು? ಹಿರೇಕೆರೂರಿನ ಸುಳ್ಳು ಕಾರ್ಡಿನವರ ಪಾಲಿನ ಅಫೀಮನ್ನೇ ಕೇಳಬಹುದಿತ್ತು, ಆದರೆ ಮುಂದಿನ ಸಂತೆಗೆ ಅದು ಮೂರೂ ತಾಲೂಕಿಗೆ ಗೊತ್ತಾಗುತ್ತಿತ್ತು. ಮಾತು ಹೊರಗೆ ಬಿಡದ ಒಬ್ಬನೇ ಒಬ್ಬ ನನಗೆ ತಿಳಿದಿದ್ದ: ನಮ್ಮ ಎಲೆಯವ. ಹಾನಗಲ್ಲಿನವನೇ. ವಾರಕ್ಕೊಮ್ಮೆ ಸವಣೂರಿನ ತೋಟಗಳಿಗೆ ಹೋಗಿ ವೀಳ್ಯದೆಲೆ ಕೊಂಡು, ಬುಟ್ಟಿಗಳಲ್ಲಿ ತುಂಬಿ ಬಸ್ಸಿನ ಟಪ್ಪಿನ ಮೇಲೆ ಹಾಕಿಕೊಂಡು ಬಂದು ಸಂತೆಯಲ್ಲಿ ಮಾರುತ್ತಿದ್ದ. ಹೆಂಡತಿ ಇರಲಿಲ್ಲ, ಒಬ್ಬಳೇ ಮಗಳು. ಅಡಿಕೆಯ ಚೂರನ್ನು ಕೂಡ ಬಾಯಿಗೆ ಹಾಕದ ಮನುಷ್ಯ. ದಿನವಿಡೀ ಎಲೆಯೊಳಗೇ ಇರುವವನ ಹಲ್ಲು ಹಾಲಿನಷ್ಟು ಬಿಳಿ ಎಂದು ನಾವು ತಮಾಷೆ ಮಾಡುತ್ತಿದ್ದೆವು.

ಇಪ್ಪತ್ತು ವರ್ಷಗಳಿಂದ ಅವನೇ ನಮ್ಮ ಮನೆಗೆ ದೇವರೆಲೆ ತಂದುಕೊಡುವವನು. ದೇವರೆಲೆ ಎಂದರೆ ಪೂಜೆಯ ಎಲೆ. ತೊಟ್ಟು ಮುರಿದಿರಬಾರದು, ತುದಿ ಹರಿದಿರಬಾರದು. ತೋಟದಲ್ಲೇ ಆರಿಸಿ, ಬಾಳೆಯ ನಾರಿನಿಂದ ಬೇರೆ ಪೆಂಡಿ ಕಟ್ಟಿಸಬೇಕು, ಕಟ್ಟಿದ ಮೇಲೆ ದೇವರ ಮುಂದೆಯೇ ಬಿಚ್ಚಬೇಕು. ನಡುವೆ ಯಾರಾದರೂ ಬಿಚ್ಚಿದರೆ ಆ ಎಲೆ ದೇವರಿಗೆ ಸಲ್ಲುವುದಿಲ್ಲ. ಇದು ನಮ್ಮ ಸೀಮೆಯಲ್ಲಿ ಎಲ್ಲರಿಗೂ ಗೊತ್ತು. ಶಿಗ್ಗಾಂವಿ ರಸ್ತೆಯ ನಾಕಾದಲ್ಲಿ, ಅಂದರೆ ಗಡಿಯ ತಪಾಸಣೆ ಕಟ್ಟೆಯಲ್ಲಿ, ಸಿಪಾಯಿಗಳು ಎಲೆಬುಟ್ಟಿಗಳನ್ನು ತಿರುವಿ ನೋಡಿದರೂ ಬಾಳೆನಾರಿನ ಪೆಂಡಿ ಕಂಡರೆ ಕೈ ಹಿಂದೆ ತೆಗೆಯುತ್ತಿದ್ದರು. ಅಜ್ಜಿಯ ಗುಳಿಗೆ ಆ ಪೆಂಡಿಯ ನಡುವೆ ಬರತೊಡಗಿತು.

ಅವನಿಗೆ ನಾನು ಹೇಳಿದ್ದು ಬಹಳ ಕಡಿಮೆ. "ಅಜ್ಜಿಗೆ ಔಷಧಿ. ಅಲ್ಲಿ ಅಂಗಡ್ಯಾಗ ಕೊಡ್ತಾರ" ಎಂದಿದ್ದೆ. ಅವನಿಗೆ ಎಲ್ಲ ಗೊತ್ತಿತ್ತು.

"ಅಜ್ಜೀ ಕೈಯಾಗ ನಾ ಎಷ್ಟ ಸಲ ಪ್ರಸಾದ ತಿಂದೇನಿ. ತರ್ತೇನಿ ಬಿಡ್ರಿ" ಎಂದ.

ಏಳೆಂಟು ತಿಂಗಳು ನಡೆಯಿತು. ಬೆಳಿಗ್ಗೆ ನಾನು ಕಚೇರಿಗೆ ಹೋಗಿ ಅಫೀಮು ಹಿಡಿಯುವ ಕಾಗದ ಬರೆಯುತ್ತಿದ್ದೆ, ಮನೆಯಲ್ಲಿ ಅಜ್ಜಿ ನೆಮ್ಮದಿಯಾಗಿ ಜಪ ಮಾಡುತ್ತಿದ್ದಳು. ಇದರಲ್ಲಿ ವಿರೋಧವಿದೆ ಎಂದು ನನಗೆ ಅನಿಸಲೇ ಇಲ್ಲ. ಕಾಗದದ ಮೇಲಿನ ಅಫೀಮು ಬೇರೆ, ಅಜ್ಜಿಯ ಗುಳಿಗೆ ಬೇರೆ.

ಆಮೇಲೆ ಹೊಸ ಸಾಹೇಬರು ಬಂದರು, ಕೊಂಕಣದ ಕಡೆಯವರು. ಕಳ್ಳಸಾಗಣೆ ತಡೆಯುವ ಬಗ್ಗೆ ಅವರಿಗೆ ಬಹಳ ಉತ್ಸಾಹ. ಒಂದು ಮಧ್ಯಾಹ್ನ ಒಂದು ಉದ್ದನೆಯ ಹುಕುಮಿನ ಕರಡು ನನ್ನ ಮೇಜಿನ ಮೇಲಿಟ್ಟು, ಸಂಜೆಯ ಟಪಾಲಿಗೆ ಹನ್ನೊಂದು ನಾಕಾಗಳಿಗೂ ನಕಲು ಹೋಗಬೇಕೆಂದರು. ನಾನು ಅಂಗಿಯ ತೋಳು ಮಡಚಿ ಕುಳಿತೆ. ಐದು ಗಂಟೆಯೊಳಗೆ ಹನ್ನೊಂದು ನಕಲು ತಯಾರಾದವು. ಒಂದಕ್ಕೂ ಚಿತ್ತಿಲ್ಲ, ಕಾಟಿಲ್ಲ. ಸಾಹೇಬರು ಬೆನ್ನು ತಟ್ಟಿದರು. ಖುಷಿಯಿಂದ ಮನೆಗೆ ಬಂದೆ.

ಆ ಹುಕುಮಿನ ಆರನೆಯ ಕಲಮು ಹೀಗಿತ್ತು: ದೇವರ ಹೆಸರಿನಲ್ಲಿ ಸಾಗಿಸುವ ತೆಂಗಿನಕಾಯಿ, ಹೂವು, ಎಲೆ ಮುಂತಾದ ಸಾಮಾನುಗಳನ್ನೂ ಬಿಡದೆ ಬಿಚ್ಚಿ ತಪಾಸಣೆ ಮಾಡತಕ್ಕದ್ದು. ಇದನ್ನು ನಾನು ನನ್ನ ಕೈಯಾರೆ ಹನ್ನೊಂದು ಸಲ ಬರೆದಿದ್ದೆ. ಒಂದು ಸಲವೂ ಓದಿರಲಿಲ್ಲ. ಅಪ್ಪ ಇದ್ದಿದ್ದರೆ ಹೆಮ್ಮೆಪಡುತ್ತಿದ್ದರೋ ಏನೋ.

ಮುಂದಿನ ವಾರ ಸಾಹೇಬರು ಶಿಗ್ಗಾಂವಿ ನಾಕಾದ ತಪಾಸಣೆಗೆ ಹೊರಟರು. ಪಂಚನಾಮೆ ಬರೆಯಬೇಕಾದೀತೆಂದು ನನ್ನನ್ನೂ ಕರೆದುಕೊಂಡರು. ಹತ್ತು ಗಂಟೆಯ ಹೊತ್ತಿಗೆ ಸವಣೂರ ಬಸ್ಸು ಬಂತು. ಯುದ್ಧದ ಕಾಲದಿಂದ ಇದ್ದಿಲು ಗ್ಯಾಸಿನ ಮೇಲೆ ಓಡುತ್ತಿದ್ದ ಹಳೆಯ ಬಸ್ಸು. ನಿಂತ ಮೇಲೂ ಹೊಗೆ ಬಿಡುತ್ತಿತ್ತು. ಬುಟ್ಟಿಗಳು ಕೆಳಗಿಳಿದವು. ಹಿಂದೆಯೇ ನಮ್ಮ ಎಲೆಯವ ಇಳಿದ. ನನ್ನನ್ನು ಕಂಡು ನಕ್ಕ. ನನ್ನನ್ನು ಕಂಡು ಅವನಿಗೆ ಧೈರ್ಯ ಬಂದಿತ್ತು ಎಂಬುದನ್ನು ನಾನು ಇಂದಿಗೂ ಮರೆಯಲಾರೆ.

ಸಿಪಾಯಿ ಎಲೆ ತಿರುವಿದ, ಬಾಳೆನಾರಿನ ಪೆಂಡಿ ಕೈಗೆ ಬಂತು, ನಿಂತ. ಸಾಹೇಬರು ಬಿಚ್ಚು ಎಂದರು.

"ದೇವರ ಎಲಿ ಅವು, ಸಾಹೇಬ್ರ" ಎಂದ ಸಿಪಾಯಿ.

ಸಾಹೇಬರು ಜೇಬಿನಿಂದ ಹುಕುಮಿನ ನಕಲು ತೆಗೆದು ಆರನೆಯ ಕಲಮಿನ ಮೇಲೆ ಬೆರಳಿಟ್ಟರು. ನನ್ನ ಅಕ್ಷರ ನನಗೆ ಅಷ್ಟು ದೂರದಿಂದಲೂ ಗುರುತು ಹತ್ತಿತು. ಅಂದು ಅದನ್ನು ಮೊದಲ ಸಲ ಓದಿದೆ. ಸಿಪಾಯಿ ಬಡವ ಏನು ಮಾಡಿಯಾನು? ಕಾಲಿನ ಚಪ್ಪಲಿ ಬಿಟ್ಟ, ಕೊಡದ ನೀರಿನಲ್ಲಿ ಕೈ ತೊಳೆದುಕೊಂಡ, ಪೂರ್ವಕ್ಕೆ ಮುಖ ಮಾಡಿ ಕುಳಿತು, ತಪ್ಪಾಯಿತೆಂದು ಗಲ್ಲ ಬಡಿದುಕೊಂಡು ನಾರು ಬಿಚ್ಚಿದ. ಪೆಂಡಿಯ ನಡುವಿನ ಪುಡಿಕೆ ಕೆಳಗೆ ಬಿತ್ತು.

"ಯಾರಿಗೆ ಇದು?" ಎಂದು ಸಾಹೇಬರು ನನ್ನ ಬಾಯಿಂದ ಕೇಳಿಸಿದರು, ಅವರಿಗೆ ಕನ್ನಡ ಸಾಲದೆಂದು. ನನಗೆ ಉತ್ತರ ಗೊತ್ತಿದ್ದ ಪ್ರಶ್ನೆಯನ್ನು ನಾನೇ ಕೇಳಿದೆ. "ಯಾರಿಗಿದು?"

ಅವನು ನನ್ನನ್ನು ನೋಡಿದ. ನನಗೆ ಅನಿಸಿದಷ್ಟು ಹೊತ್ತು ನೋಡಿರಲಿಕ್ಕಿಲ್ಲ.

"ನನಗ್ರಿ. ನಾನ ತಿಂತೇನ್ರಿ."

"ಎಷ್ಟ ದಿನದಿಂದ?"

"ಭಾಳ ದಿನದಿಂದ."

ಅದನ್ನೇ ಬರೆದೆ. ಹಾಲಿನಂಥ ಹಲ್ಲಿನ ಆ ಮನುಷ್ಯ ಹೆಬ್ಬೆಟ್ಟು ಒತ್ತಿದ. ಆ ಪಂಚನಾಮೆಯಲ್ಲಿಯೂ ಒಂದು ಚಿತ್ತಿಲ್ಲ.

ಅವನಿಗೆ ಮೂರು ತಿಂಗಳ ಶಿಕ್ಷೆಯಾಯಿತು. ಸ್ವಾತಂತ್ರ್ಯ ಬಂದ ದಿನ ಅವನು ಜೈಲಿನಲ್ಲಿದ್ದ. ಅಂದು ಕೈದಿಗಳಿಗೂ ಪೇಡೆ ಹಂಚಿದರೆಂದು ಆಮೇಲೆ ಹೇಳಿದ. ನನಗೆ ಸಾಹೇಬರಿಂದ ಒಂದು ಶಿಫಾರಸು ಪತ್ರ ಸಿಕ್ಕಿತು.

ಇತ್ತ ಅಜ್ಜಿಯ ಗುಳಿಗೆ ನಿಂತಿತು. ಮೂರನೆಯ ದಿನಕ್ಕೆ ಮೈ ಮುರಿಯತೊಡಗಿತು. ಕಣ್ಣು ಮೂಗು ಸೋರಿದವು, ಹೊಟ್ಟೆ ನಿಲ್ಲಲಿಲ್ಲ. ಮಡಿಗೆ ನಿಂತವಳು ದಿನಕ್ಕೆ ಹತ್ತು ಸಲ ಮೈಲಿಗೆಯಾದಳು, ಹತ್ತು ಸಲ ತಣ್ಣೀರು ಹೊಯ್ದುಕೊಂಡಳು. ಐದನೆಯ ದಿನ ನಾನು ತಡೆಯಲಾರದೆ ರಜೆ ಹಾಕಿ ಸವಣೂರಿಗೆ ಹೋದೆ. ಅಳಿಯನ ಅಂಗಡಿಯ ಎದುರು ನಿಂತೆ. ನಮ್ಮ ನಾಕಾದ ಅದೇ ಸಿಪಾಯಿ ಪಕ್ಕದ ಹೋಟೆಲಿನಲ್ಲಿ ಚಹಾ ಕುಡಿಯುತ್ತ ಕುಳಿತಿದ್ದ. ನನ್ನನ್ನು ಕಂಡು ಎದ್ದು ನಿಂತು, "ಏನ್ ರಾಯರ, ಈ ಕಡೆ?" ಎಂದ. "ಖಾರ ಒಯ್ಯಬೇಕಾಗಿತ್ತು" ಎಂದೆ; ಸವಣೂರಿನ ಕರಿದ ಖಾರದ ತಿಂಡಿ ನಮ್ಮ ಸೀಮೆಗೆಲ್ಲ ಹೆಸರುವಾಸಿ. ಅವನೇ ಜೊತೆಗೆ ಬಂದು ಒಳ್ಳೆಯ ಖಾರ ಸಿಗುವ ಅಂಗಡಿ ತೋರಿಸಿದ. ಅಜ್ಜಿಗೆ ಅಫೀಮು ತರಲು ಹೋದವನು ಒಂದು ಪೊಟ್ಟಣ ಖಾರ ಹಿಡಿದುಕೊಂಡು ತಿರುಗಿ ಬಂದೆ.

ಅಜ್ಜಿ ಕೇಳಿದ್ದು ಒಂದೇ ಮಾತು: "ಅಂವ ಯಾಕ ಬರವಲ್ಲ, ಎಲೆಯಾಂವ?" ಊರಿಗೆ ಹೋಗಿದ್ದಾನೆ ಎಂದೆ. ಇಪ್ಪತ್ತೆರಡನೆಯ ದಿನ ಆಕೆ ತೀರಿಕೊಂಡಳು. ಗುಳಿಗೆ ಇಲ್ಲದ್ದರಿಂದಲೇ ಸತ್ತಳೆಂದು ನಾನು ಹೇಳಲಾರೆ, ಎಂಬತ್ತರ ಹತ್ತಿರ ಬಂದಿದ್ದಳು. ನೋಡಲು ಬಂದವರೆಲ್ಲ ಪುಣ್ಯವಂತಿ, ವಯಸ್ಸಾಗಿತ್ತು ಎಂದರು. ನಾನೂ ಹೌದು ಹೌದು ಎಂದೆ.

ಎಲೆಯವ ಬಿಡುಗಡೆಯಾಗಿ ನೆಟ್ಟಗೆ ನಮ್ಮ ಮನೆಗೆ ಬಂದ. ಮುಖ ಅರಳಿತ್ತು. ಯಾದಿಗೆ ಹೊಸ ಹೆಸರು ಸೇರಿಸುವುದಿಲ್ಲ, ಕೋರ್ಟಿನ ಹುಕುಮಿದ್ದರೆ ಮಾತ್ರ ಸೇರಿಸತಕ್ಕದ್ದು ಎಂದು ಕಾಯಿದೆ. ಅವನು ತಾನೇ ಒಪ್ಪಿಕೊಂಡ ವ್ಯಸನಿ. ಕೋರ್ಟು ದಯಮಾಡಿ ಹುಕುಮು ಬರೆದಿತ್ತು. ಅವನಿಗೆ ಕಾರ್ಡು ಸಿಕ್ಕಿತ್ತು. ಖಜಾನೆಯಿಂದ ಮೊದಲ ವಾರದ ಪಾಲು ಇಸಿದುಕೊಂಡು, ವೀಳ್ಯದೆಲೆಯಲ್ಲಿ ಸುತ್ತಿಕೊಂಡು ಬಂದಿದ್ದ.

"ಇನ್ನ ಕಳುವು ಇಲ್ಲ, ಅಂಜಿಕಿ ಇಲ್ಲ. ಸರಕಾರದ್ದ ಮಾಲು. ಅಜ್ಜೀಗೆ ಕೊಡ್ರಿ."

ಅಜ್ಜಿ ಹೋದದ್ದು ಹೇಳಿದೆ. ಅವನು ಕಟ್ಟೆಯ ಮೇಲೆ ಕುಳಿತ. ತಲೆಯ ರುಮಾಲು ಬಿಚ್ಚಿ ಮುಖ ಒರೆಸಿಕೊಂಡ. ನಾನು ಅಳಲಿಲ್ಲ, ಅಜ್ಜಿಗಾಗಿ ನಮ್ಮ ಮನೆಯ ಕಟ್ಟೆಯ ಮೇಲೆ ಅತ್ತವನು ಅವನೊಬ್ಬನೇ. ಹೋಗುವಾಗ ಪುಡಿಕೆಯನ್ನು ಏನು ಮಾಡಲಿ ಎಂದು ಕೇಳಿದ. ಕೊಟ್ಟದ್ದನ್ನು ತಿರುಗಿ ಇಸಿದುಕೊಳ್ಳುವ ಕಲಮು ಕಾಯಿದೆಯಲ್ಲಿ ಇರಲಿಲ್ಲ. ಬಚ್ಚಲಿಗೆ ಹಾಕಿ ನೀರು ಹೊಯ್ದೆ.

ಎರಡು ತಿಂಗಳ ಮೇಲೆ ಅವನು ಮತ್ತೆ ಬಂದ. ಈ ಸಲ ಮುಖ ಇಳಿದಿತ್ತು. ಮಗಳಿಗೆ ಹಂಸಭಾವಿಯ ಒಂದು ಮನೆ ಗೊತ್ತಾಗಿತ್ತು. ಒಳ್ಳೆಯ ಹುಡುಗ, ಹೊಲ ಮನೆ ಇದ್ದವರು, ಹುಡುಗಿಯನ್ನು ನೋಡಿ ಒಪ್ಪಿದ್ದರು. ಆಗ ಯಾರೋ ಬೀಗರ ಕಿವಿಗೆ ಹಾಕಿದ್ದರು, ಹುಡುಗಿಯ ಅಪ್ಪ ಅಫೀಮುಖೋರ ಎಂದು. ಬೀಗರು ಗಾಳಿಮಾತಿರಬಹುದು, ವಿಚಾರಿಸಿ ಹೇಳುತ್ತೇವೆ ಎಂದು ಹೇಳಿ ಕಳಿಸಿದ್ದರು.

"ಯಾದಿಯೊಳಗಿನ ನನ್ನ ಹೆಸರು ಒಂದು ತಗದ ಹಾಕ್ರಿ ರಾಯರ. ಅಷ್ಟ ಸಾಕು. ಒಬ್ಬಾಕಿ ಮಗಳು."

ನಾನು ಕಾಯಿದೆ ನೋಡಿದೆ. ಈಗ ಓದುತ್ತಿದ್ದೆ, ಪ್ರತಿಯೊಂದು ಅಕ್ಷರ ಓದುತ್ತಿದ್ದೆ. ಹೆಸರು ತೆಗೆಯಲು ಎರಡೇ ದಾರಿ. ಒಂದು, ಮನುಷ್ಯ ಸಾಯಬೇಕು. ಎರಡು, ಚಟ ಬಿಟ್ಟೆನೆಂದು ಸಮಿತಿಯಿಂದ ದಾಖಲೆ ತರಬೇಕು. ಎಂದೂ ತಿನ್ನದವನಿಗೆ ಕಲಮೇ ಇಲ್ಲ. ಮೂರನೆಯ ದಾರಿ ಒಂದಿತ್ತು, ಅದು ಕಾಯಿದೆಯಲ್ಲಿ ಬರೆದಿರಲಿಲ್ಲ: ಆ ಅಫೀಮು ನನ್ನ ಅಜ್ಜಿಯದೆಂದು, ತರಿಸಿದವನು ನಾನೆಂದು ನಾನೇ ಬರೆದುಕೊಡುವುದು. ನೌಕರಿ ಹೋಗುತ್ತಿತ್ತು, ಬಹುಶಃ ನಾನೂ ಜೈಲಿಗೆ ಹೋಗುತ್ತಿದ್ದೆ. ಎರಡು ದಿನ ಯೋಚಿಸಿದೆ. ಮೂರನೆಯ ದಿನ ಅವನ ಹೆಸರಿನಲ್ಲಿ, ಸಮಿತಿಯ ಉಪದೇಶದಿಂದ ಮನಃಪರಿವರ್ತನೆಯಾಗಿ ಚಟ ಬಿಟ್ಟೆನೆಂದು ಒಂದು ಅರ್ಜಿ ಬರೆದೆ. ಅದರಷ್ಟು ಚಂದದ ಅರ್ಜಿ ನಾನು ಮತ್ತೆಂದೂ ಬರೆದಿಲ್ಲ.

ಅಧ್ಯಕ್ಷರು ಅರ್ಜಿ ಓದಿ, ನನ್ನ ಮುಖ ನೋಡಿ, ಮೀಸೆಯಲ್ಲೇ ನಕ್ಕರು. ಅವರಿಗೆ ಎಲ್ಲ ಗೊತ್ತಿತ್ತು, ಅವರಿಗೆ ಗೊತ್ತಿದ್ದದ್ದು ನನಗೆ ಗೊತ್ತಿತ್ತು. ನಾನು ಅವರ ಅಳಿಯನ ಮಾತು ಎತ್ತಲಿಲ್ಲ, ಅವರು ನನ್ನ ಅಜ್ಜಿಯ ಮಾತು ಎತ್ತಲಿಲ್ಲ. ಆದರೆ ಅರ್ಜಿಯನ್ನು ಅವರು ಸುಮ್ಮನೆ ಮಂಜೂರು ಮಾಡಲಿಲ್ಲ. ಸಮಿತಿ ಹುಟ್ಟಿದಾಗಿನಿಂದ ಚಟ ಬಿಟ್ಟವನು ಒಬ್ಬನೂ ಇರಲಿಲ್ಲ. ಮೇಲಿನವರು ಪ್ರಗತಿ ಏನು ಎಂದು ಪದೇ ಪದೇ ಕೇಳುತ್ತಿದ್ದರು.

"ಹಿಂತಾ ಮನಶ್ಯಾನ್ನ ನಾಕ ಮಂದಿ ಮುಂದ ತರಬೇಕ್ರಿ ರಾಯರ" ಎಂದರು.

ಸಂತೆಯ ದಿನ ಪೇಟೆಯ ನಡುವೆ, ಹಳೆಯ ಅಫೀಮಿನ ಅಂಗಡಿಯ ಕಟ್ಟೆಯ ಮೇಲೆ ಸಭೆ ಸೇರಿತು. ಹೀಗಾಗಿ ನಮ್ಮ ತಾಲೂಕಿನಲ್ಲಿ ಅಫೀಮು ಬಿಟ್ಟ ಮೊದಲ ಮನುಷ್ಯ ಎಂಬ ಮಾನ ಅಫೀಮು ತಿನ್ನದ ಮನುಷ್ಯನಿಗೆ ಸಂದಿತು. ಅಧ್ಯಕ್ಷರು ಅವನ ಕೊರಳಿಗೆ ನೂಲಿನ ಹಾರ ಹಾಕಿ, ಎರಡು ಮಾತಾಡಲು ಹೇಳಿದರು. ಅವನು ಬುಟ್ಟಿ ಹೊತ್ತು ರೂಢಿಯಾದ ಕೈಯನ್ನು ಎಲ್ಲಿಡಬೇಕೆಂದು ತಿಳಿಯದೆ ನಿಂತ.

"ತಿಂತಾನ ಅಂದ್ರಿ, ಹೂಂ ಅಂದೆ. ಬಿಟ್ಟಾನ ಅನ್ನಾಕತ್ತೀರಿ, ಅದಕ್ಕೂ ಹೂಂ ಅಂತೇನಿ. ನನ್ನ ಮಗಳ ಮದುವಿ ಐತಿ, ಎಲ್ಲಾರೂ ಬರ್ರಿ."

ಜನ ಬಿದ್ದು ಬಿದ್ದು ನಕ್ಕರು, ಚಪ್ಪಾಳೆ ತಟ್ಟಿದರು. ಅಧ್ಯಕ್ಷರು ಅಲ್ಲೇ ಠರಾವು ಮಾಡಿದರು: ಈ ಸುದ್ದಿಯನ್ನು ಜನರಿಗೆ ಮಾದರಿಯಾಗುವಂತೆ ಮೂರೂ ತಾಲೂಕಿನ ಹನ್ನೊಂದು ದೊಡ್ಡ ಊರುಗಳ ಚಾವಡಿಗೆ ಅಂಟಿಸತಕ್ಕದ್ದು. ಬರೆಯುವವರು ಯಾರು ಎಂಬ ಪ್ರಶ್ನೆಯೇ ಇರಲಿಲ್ಲ.

ಆ ಹನ್ನೊಂದು ನಕಲುಗಳನ್ನೂ ನಾನು ಒಂದೇ ಮಧ್ಯಾಹ್ನ ಬರೆದೆ. 'ಬಹು ವರ್ಷಗಳಿಂದ ಅಫೀಮಿನ ದಾಸನಾಗಿದ್ದ' ಎಂಬ ಮಾತಿನ ಮುಂದೆ ಅವನ ಹೆಸರು, ಅವನ ತಂದೆಯ ಹೆಸರು, ಊರು. ಮೊದಲ ಸಲ ನಾನು ಓದದೆ ಬರೆದಿದ್ದೆ. ಈ ಸಲ ಓದಿದೆ, ಆರನೆಯದೋ ಏಳನೆಯದೋ ನಕಲು ಹಂಸಭಾವಿಯ ಚಾವಡಿಗೆಂದು ಕಂಡಿತು, ಲೇಖನಿ ನಿಂತಿತು, ಮತ್ತೆ ಬರೆದೆ.

ಸಂಬಂಧ ಮುರಿಯಲು ಒಂದು ವಾರ ಕೂಡ ಹಿಡಿಯಲಿಲ್ಲ.

ಆಗ ನಾನು ಮಾಡಬೇಕಾದದ್ದನ್ನು ಮಾಡಲು ಹೊರಟೆ, ತಡವಾಗಿ. ಹಂಸಭಾವಿಗೆ ಹೋದೆ. ಹುಡುಗನ ತಂದೆ ಮರ್ಯಾದಸ್ಥರು. ಕಂಬಳಿ ಹಾಸಿ ಕೂರಿಸಿದರು, ಬೆಲ್ಲ ನೀರು ಕೊಟ್ಟರು. ನಾನು ಎಲ್ಲವನ್ನೂ ಹೇಳಿದೆ. ಅಜ್ಜಿಯ ಗುಳಿಗೆ, ದೇವರೆಲೆಯ ಪೆಂಡಿ, ನಾಕಾ, ಅವನು ನನ್ನನ್ನು ನೋಡಿ 'ನನಗ್ರಿ' ಎಂದದ್ದು. ಅವರು ತಾಳ್ಮೆಯಿಂದ ಕೇಳಿದರು.

"ಮಡಿ ಅಜ್ಜಿ ಅಫೀಮು ತಿಂತಿದ್ರು ಅಂತೀರಿ?"

"ಹೌದ್ರಿ."

"ಸತ್ತ ಹಿರ್ಯಾರ ಮ್ಯಾಲ ಹಾಕಬ್ಯಾಡ್ರಿ ರಾಯರ, ಪಾಪ ಬರತೈತಿ. ಎಲಿ ಮಾರಾವನ ಮ್ಯಾಲ ನಿಮಗ ಕನಿಕರ ಐತಿ, ತಿಳೀತೈತಿ ನಮಗ."

ನಾನು ಆಣೆ ಇಟ್ಟೆ. ಅವರು ಎದ್ದು, ಬರ್ರಿ ಎಂದು ಕರೆದುಕೊಂಡು ಹೋದರು. ಚಾವಡಿಯ ಗೋಡೆಯ ಮೇಲೆ ಸಮಿತಿಯ ಕಾಗದ ಅಂಟಿಸಿದ್ದರು. ನಾಲ್ಕಾರು ಜನ ಅದರ ಕೆಳಗೆ ನೆರಳಿಗೆ ಕುಳಿತಿದ್ದರು.

"ಇದು ಯಾರ ಅಕ್ಷರ?" ಎಂದು ಕೇಳಿದರು.

"ನಂದು" ಎಂದೆ.

ಅವರು ಒಂದು ಹೆಜ್ಜೆ ಹಿಂದೆ ಸರಿದು, ಕಾಗದವನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದರು. "ಭಾಳ ಚಂದ ಅದಾವ್ರಿ" ಎಂದರು.

ಮರುವರ್ಷ ಸವಣೂರು ಸಂಸ್ಥಾನ ವಿಲೀನವಾಯಿತು. ನಾಕಾ ಕಿತ್ತರು, ಅಳಿಯ ಅಂಗಡಿ ಮುಚ್ಚಿ ಮಾವನ ಸಮಿತಿಗೆ ಚಿಟಣೀಸ, ಅಂದರೆ ಕಾರ್ಯದರ್ಶಿ, ಆದ. ಎಲೆಯವನ ಮಗಳನ್ನು ಎರಡು ಮಕ್ಕಳಿದ್ದ ಒಬ್ಬ ವಿಧುರನಿಗೆ ಕೊಟ್ಟರು. ಮದುವೆಗೆ ನಾನು ಹೋಗಿದ್ದೆ. ಅವನು ನನ್ನನ್ನು ಮುಂದೆ ಕರೆದು ಕೂರಿಸಿದ. ಒಂದು ದಿನವೂ ಅವನು ನನಗೆ ಏನೂ ಅನ್ನಲಿಲ್ಲ. ಅಂದಿದ್ದರೆ ಎಂದು ನಾನು ಎಷ್ಟೋ ಸಲ ಬಯಸಿದ್ದೇನೆ.

ಸಂತೆಯ ದಿನ ದೇವರೆಲೆ ತರುವುದನ್ನು ಅವನು ನಿಲ್ಲಿಸಲಿಲ್ಲ. ಆ ಮದುವೆಯ ಮುಂದಿನ ವಾರವೂ ತಂದ. ಬಾಳೆನಾರಿನ ಕಟ್ಟು, ತೊಟ್ಟು ಮುರಿಯದ ಎಲೆ. ಅವನು ಹೋದ ಮೇಲೆ ನಾನು ಪೆಂಡಿಯನ್ನು ದೇವರ ಮುಂದೆ ಇಟ್ಟು, ಕೈ ತೊಳೆದುಕೊಂಡು, ನಾರು ಬಿಚ್ಚಿ, ಎಲೆಗಳನ್ನು ಒಂದೊಂದಾಗಿ ತೆಗೆದು ನೋಡಿದೆ. ಅವನು ಅನ್ನದೆ ಬಿಟ್ಟದ್ದು ಅಲ್ಲಿ ಏನಾದರೂ ಇದ್ದೀತೆಂದು ಕೆಳಗಿನ ಎಲೆಯ ತನಕ ನೋಡಿದೆ. ಎಲೆಗಳು ಮಾತ್ರ ಇದ್ದವು.